ಬಣ್ಣಕ್ಕೆ ಬೀಗ ಹಾಕೋ ಬಾಟ್ಲಿ

ಮಂಡ್ಯದ ಹತ್ತಿರ ಒಂದು ಊರು. ಗಣೇಶನ ಪೆಂಡಾಲಿನ ಆರ್ಕೆಸ್ಟ್ರಾ. ರಾತ್ರಿ ಹತ್ತು ಗಂಟೆ. ಮೈಕಿನಲ್ಲಿ "ಈಗ ನಿಮ್ಮ ಮುಂದೆ ಜೂನಿಯರ್ ಸಾಹಸಸಿಂಹ!" ಎಂದು ಘೋಷಣೆ. ಶಿಳ್ಳೆಯೋ ಶಿಳ್ಳೆ! ಕೈಗೆ ಕಡಗ, ತಲೆಗೆ ವಿಗ್, ಮೂತಿಗೆ ಅಂಟುಮೀಸೆ, ಮೈಮೇಲೆ ಬಿಳಿ ಕೋಟು. ಕುಣಿಯುತ್ತಾ ಬಂದವನು ನನ್ನ ಗೆಳೆಯ. ಹಗಲು ಹೊತ್ತು ಜೆರಾಕ್ಸ್ ಅಂಗಡಿಯಲ್ಲಿ ಕೆಲಸ, ಗಣೇಶನ ಹಬ್ಬದಿಂದ ರಾಜ್ಯೋತ್ಸವ ಮುಗಿಯುವವರೆಗೆ ವಿಷ್ಣುವರ್ಧನ್. ಆ ಎರಡು ಮೂರು ತಿಂಗಳ ದುಡ್ಡೇ ಅವನಿಗೆ ವರ್ಷದ ಮನೆ ಬಾಡಿಗೆ.

ಮೊದಲ ಹಾಡು ಬೊಂಬಾಟ್. ಎರಡನೆಯ ಹಾಡಿನ ಚರಣಕ್ಕೆ ಬರುವ ಹೊತ್ತಿಗೆ ಮುಂದಿನ ಸಾಲಿನಲ್ಲಿ ಕೂತಿದ್ದ ಒಂದು ಚಿಲ್ಟಾರಿ ಎದ್ದು ನಿಂತು ಕೂಗಿತು ನೋಡಿ: "ಲೋ, ವಿಷ್ಣು ಮುಖ ಸೋರ್ತೈತೆ ಕಣ್ಲಾ!"

ನಿಜ ಕಣ್ರೀ. ಸೋರುತ್ತಿತ್ತು. ಹಣೆಯ ಬಣ್ಣ ಹುಬ್ಬಿಗೆ, ಹುಬ್ಬಿನ ಕಪ್ಪು ಕಣ್ಣಿಗೆ, ಕೆನ್ನೆಯದು ಕತ್ತಿಗೆ ಇಳಿದು ಬಿಳಿ ಕೋಟಿನ ಕಾಲರಿನ ಮೇಲೆ ಕಾಫಿ ಚೆಲ್ಲಿದ ಹಾಗೆ ಕಲೆ. ಮೀಸೆಯ ಬಲಗಡೆ ತುದಿ ಎದ್ದು ಗಾಳಿಗೆ ಪಟಪಟ ಅನ್ನುತ್ತಿತ್ತು. ಸಾಹಸಸಿಂಹನ ಹಾಡಿಗೆ ನಗೆನಾಟಕದ ನಗು! ಪಾಪ, ಹಾಡು ಮುಗಿಸಿಯೇ ಇಳಿದ. ಮೂರು ಸಾವಿರ ಮಾತಾಗಿತ್ತು. "ಮೇಕಪ್ ಸರಿಯಿಲ್ಲ, ಜನ ನಕ್ರು" ಅಂತ ಸಾವಿರ ಮುರಿದುಕೊಂಡು ಎರಡೇ ಕೈಗಿಟ್ಟರು.

ನನಗೆ ಹೊಟ್ಟೆ ಉರಿದದ್ದು ಬೇರೆ ಕಾರಣಕ್ಕೆ. ಅವನ ಚೀಲದಲ್ಲಿ ಸೆಟ್ಟಿಂಗ್ ಸ್ಪ್ರೇ ಇತ್ತು! ಮೊಬೈಲಿನಲ್ಲಿ ಯಾರೋ ತೋರಿಸಿದ್ದನ್ನು ನೋಡಿ, ಒಂಬೈನೂರು ರೂಪಾಯಿ ಕೊಟ್ಟು ತಂದಿದ್ದ. "ಇದನ್ನ ಹೊಡ್ಕೊಂಡ್ರೆ ಹದಿನಾರು ಗಂಟೆ ಅಲ್ಲಾಡಲ್ಲ ಮಗಾ" ಎಂದು ನನಗೇ ಭಾಷಣ ಬಿಗಿದಿದ್ದ. ಹದಿನಾರು ಗಂಟೆ ಹಾಳಾಗಲಿ, ಹದಿನಾರು ನಿಮಿಷ ನಿಲ್ಲಲಿಲ್ಲ.

ಮಾರನೆಯ ದಿನ ಆ ಬಾಟ್ಲಿಯನ್ನು ಜೇಬಿಗೆ ಹಾಕಿಕೊಂಡು ನಾನು ಹೋದದ್ದು ಗಾಂಧಿನಗರದ ಹಿಂದಿನ ಒಂದು ಗಲ್ಲಿಗೆ. ಅಲ್ಲೊಬ್ಬ ಮೇಕಪ್ ಯಜಮಾನರಿದ್ದಾರೆ. ಎಪ್ಪತ್ತು ದಾಟಿದೆ. ಕನ್ನಡ ಚಿತ್ರಗಳು ಮದರಾಸಿನ ಸ್ಟುಡಿಯೋಗಳಲ್ಲಿ ತಯಾರಾಗುತ್ತಿದ್ದ ಕಾಲದಲ್ಲಿ ಅಲ್ಲಿ ಟಚಪ್ ಹುಡುಗನಾಗಿ ಸೇರಿದವರು. ಕನ್ನಡಿ, ಪಫ್, ಒದ್ದೆ ಟವೆಲು ಹಿಡಿದು ಹೀರೋಗಳ ಹಿಂದೆ ಓಡಿದವರು. ಹೆಸರು ಬರೆಯಬೇಡ ಅಂದಿದ್ದಾರೆ, ಬರೆಯುವುದಿಲ್ಲ. ನಾನು ಕರೆಯುವುದು "ಮೇಷ್ಟ್ರೇ" ಅಂತ.

ಬಾಟ್ಲಿ ನೋಡಿದರು. ಮುಚ್ಚಳ ತೆಗೆದು ಮೂಸಿದರು. "ಬಾಟ್ಲಿ ಸರಿಯಾಗೇ ಇದೆಯಲ್ಲಪ್ಪಾ. ಅವನು ಹೇಗೆ ಹಾಕ್ಕೊಂಡ, ಅದನ್ನ ಹೇಳು" ಎಂದರು.

ಹೇಳಿದೆ. ಜನರೇಟರ್ ಪಕ್ಕದ ತಗಡಿನ ಶೆಡ್ಡೇ ಮೇಕಪ್ ರೂಮು. ಬೆವರು ಸುರಿಯುತ್ತಿದ್ದ ಮುಖಕ್ಕೇ ಫೌಂಡೇಶನ್ ಬಳಿದ. ಬಾಟ್ಲಿಯನ್ನು ಮೂಗಿನ ಹತ್ತಿರ ಹಿಡಿದು ಹನಿ ಇಳಿಯುವವರೆಗೆ ಬುಸ್ ಬುಸ್ ಎಂದು ಹೊಡೆದ. ಮುಖ ಅಂಟಂಟು ಅನ್ನಿಸಿತು, ಅದರ ಮೇಲೆ ಪೌಡರ್ ಬಡಿದ. ಅಷ್ಟರಲ್ಲಿ "ನಿಮ್ದೇ ಐಟಂ" ಅಂತ ಕೂಗಿದರು, ಟವೆಲಿನಲ್ಲಿ ಒಂದು ಸಲ ಮುಖ ಒರೆಸಿಕೊಂಡು ವೇದಿಕೆಗೆ ನೆಗೆದ.

ಮೇಷ್ಟ್ರು ನಗಲಿಲ್ಲ. "ಒಂದೂ ಬಿಡದೆ ಎಲ್ಲಾ ತಪ್ಪೂ ಮಾಡಿದಾನೆ" ಎಂದರು. "ಒದ್ದೆ ಗೋಡೆಗೆ ಪೇಂಟ್ ಹೊಡೆದ್ರೆ ಏನಾಗುತ್ತೆ? ಹಪ್ಪಳದ ಹಾಗೆ ಏಳುತ್ತೆ. ಆಮೇಲೆ ಮೇಲೆ ಎಷ್ಟು ವಾರ್ನಿಷ್ ಬಳಿದರೇನು?"

ಗೆಳೆಯರೇ, ವಿಷಯದ ತಿರುಳೆಲ್ಲ ಆ ಒಂದು ಮಾತಿನಲ್ಲಿದೆ. ಸೆಟ್ಟಿಂಗ್ ಸ್ಪ್ರೇ ಅನ್ನುವುದು ವಾರ್ನಿಷ್. ಕೆಳಗಿನ ಕೆಲಸ ನೆಟ್ಟಗಿದ್ದರೆ ಕಾಯುತ್ತದೆ. ಕೆಟ್ಟಿದ್ದರೆ ಕೆಟ್ಟದ್ದನ್ನೇ ಅಂಟಿಸಿ ಕೂರಿಸುತ್ತದೆ!

ಬಾಟ್ಲಿಯೊಳಗೆ ಏನಿದೆ ಅಂತ ಕೇಳಿದೆ. ಮೇಷ್ಟ್ರು ಕನ್ನಡಕ ಏರಿಸಿ ಹಿಂದಿನ ಚೀಟಿ ಓದತೊಡಗಿದರು. ನೀರು, ಆಲ್ಕೋಹಾಲು, ಆಮೇಲೆ ಉದ್ದುದ್ದ ಹೆಸರಿನ ಪಾಲಿಮರ್‌ಗಳು. ಪಿಯುಸಿಯಲ್ಲಿ ಕೆಮಿಸ್ಟ್ರಿ ಕೈಕೊಟ್ಟಿದ್ದಕ್ಕೇ ಕಾಲೇಜಿಗೆ ಕೈಮುಗಿದು ಬಂದವನು ನಾನು. ಪಾಲಿಮರ್ ಅಂದ ಕೂಡಲೇ ಕೈಕಾಲು ತಣ್ಣಗಾಯಿತು. ಆದರೆ ಆ ಲೆಕ್ಚರರು ಹೀಗೆ ಹೇಳಿದ್ದರೆ ನಾನು ಪಾಸಾಗುತ್ತಿದ್ದೆನೋ ಏನೋ. ನೀರೂ ಆಲ್ಕೋಹಾಲೂ ಆರಿ ಗಾಳಿಗೆ ಹೋಗುತ್ತವೆ. ಆಲ್ಕೋಹಾಲಿನ ಕೆಲಸವೇ ಬೇಗ ಆರಿಸುವುದು. ಉಳಿಯುವುದು ಆ ಪಾಲಿಮರ್. ಅದು ಮುಖದ ಮೇಲೆ ಕಣ್ಣಿಗೆ ಕಾಣದಷ್ಟು ತೆಳ್ಳನೆಯ ಪೊರೆ ಕಟ್ಟಿ ಬಣ್ಣದ ಪುಡಿಯನ್ನು ಒಂದಕ್ಕೊಂದು ಹಿಡಿದಿಡುತ್ತದೆ. ಪಿವಿಪಿ, ಅಕ್ರಿಲೇಟ್ಸ್ ಕೋಪಾಲಿಮರ್ ಇಂಥ ಹೆಸರು ಚೀಟಿಯಲ್ಲಿದ್ದರೆ ಅದು ಹಿಡಿಯುವ ಸ್ಪ್ರೇ. ಬರೀ ನೀರು, ಗ್ಲಿಸರಿನ್, ಗುಲಾಬಿ ಅಂತಿದ್ದರೆ ಮುಖಕ್ಕೆ ತಂಪು, ಹೊಳಪು, ಪೌಡರಿನ ಬಿಳಿಚು ಕಡಿಮೆ, ಅಷ್ಟೇ. ಬಣ್ಣ ನಿಲ್ಲಿಸುವ ಶಕ್ತಿ ಅದಕ್ಕಿಲ್ಲ. ಮನೆಯಲ್ಲೇ ಪನ್ನೀರಿಗೆ ಗ್ಲಿಸರಿನ್ ಕಲಸಿ ಸೆಟ್ಟಿಂಗ್ ಸ್ಪ್ರೇ ಮಾಡಿ ಅಂತ ಹೇಳುವವರಿದ್ದಾರಲ್ಲ, ಅವರ ಮಾತು ಕೇಳಿ ಸ್ಟೇಜ್ ಹತ್ತಬೇಡಿ.

ಇನ್ನೊಂದು ಮಾತು. ಪೊರೆ ಇರುವುದು ಬಣ್ಣದ ಮೇಲೆ. ಬೆವರು ಬರುವುದು ಕೆಳಗಿನಿಂದ! ತಲೆಬಾಗಿಲಿಗೆ ಬೀಗ ಹಾಕಿದರೆ ಬಚ್ಚಲ ನೀರು ನಿಲ್ಲುತ್ತದೆಯೇ? ಸ್ಪ್ರೇ ಬೆವರನ್ನು ನಿಲ್ಲಿಸುವುದಿಲ್ಲ. ಬಣ್ಣ ಬಿಡುವುದನ್ನು ತಡ ಮಾಡುತ್ತದೆ, ಕಾಲರಿಗೆ ಮೆತ್ತುವುದನ್ನು ಕಡಿಮೆ ಮಾಡುತ್ತದೆ. ಡಬ್ಬಿಯ ಮೇಲಿನ ಹದಿನಾರು ಗಂಟೆ ಏಸಿ ರೂಮಿನ ಲೆಕ್ಕ ಅಂತಿಟ್ಟುಕೊಳ್ಳಿ. ಗಣೇಶನ ಪೆಂಡಾಲಿನ ಫೋಕಸ್ ಲೈಟಿಗೆ ಅಲ್ಲ.

"ಹಾಗಾದ್ರೆ ಹಿಂದಿನೋರು ಏನ್ಮಾಡ್ತಿದ್ರು ಮೇಷ್ಟ್ರೇ?" ಅಂದೆ. ಮುದುಕರ ಕಣ್ಣು ಮಿನುಗಿತು ನೋಡಿ!

ಮದರಾಸಿನಲ್ಲಿ ಎಲ್ಲಾ ಪ್ಯಾನ್‌ಕೇಕ್ ಕಾರುಬಾರು. ಹಾಲಿವುಡ್ಡಿನ ಮ್ಯಾಕ್ಸ್ ಫ್ಯಾಕ್ಟರ್ ಕಂಪನಿಯವರು 1937-38ರ ಸುಮಾರಿಗೆ ತಂದ ಬಿಲ್ಲೆ ಅದು. ಅದಕ್ಕೆ ಮುಂಚೆ ಇದ್ದದ್ದು ಜಿಡ್ಡಿನ ಬಣ್ಣ. ಟೆಕ್ನಿಕಲರ್ ಬಂದಾಗ ಆ ಜಿಡ್ಡು ಹೊಳೆದು ಅಕ್ಕಪಕ್ಕದ ಸೀರೆಯ, ಗೋಡೆಯ ಬಣ್ಣವನ್ನೆಲ್ಲ ಮುಖದ ಮೇಲೆ ತೋರಿಸತೊಡಗಿತಂತೆ. ಹಾಗಾಗಿ ಹೊಳೆಯದ ಬಿಲ್ಲೆ ಬಂತು. ಒದ್ದೆ ಸ್ಪಾಂಜಿನಲ್ಲಿ ತಿಕ್ಕಿ ಹಚ್ಚುವುದು. ನಮ್ಮಲ್ಲಿ ಪೂರ್ತಿ ವರ್ಣದ ಮೊದಲ ಚಿತ್ರ 'ಅಮರಶಿಲ್ಪಿ ಜಕಣಾಚಾರಿ' ಬಂದದ್ದು 1964ರಲ್ಲಿ. ಮೇಷ್ಟ್ರು ಸೇರಿದಾಗಲೂ ಕಪ್ಪು ಬಿಳುಪು ಚಿತ್ರಗಳು ಇನ್ನೂ ನಡೆದೇ ಇದ್ದವು. ಬೆಳಿಗ್ಗೆ ಬಟ್ಟೆಯಲ್ಲಿ ಐಸ್ ಸುತ್ತಿ ಹೀರೋನ ಮುಖಕ್ಕೆ ಒತ್ತುವುದು, ಒರೆಸಿ ಆರಿಸಿ ಪ್ಯಾನ್‌ಕೇಕ್, ಅದರ ಮೇಲೆ ಪೌಡರ್, ಹೆಚ್ಚಾದದ್ದನ್ನು ಬ್ರಷ್ಷಿನಲ್ಲಿ ಉದುರಿಸಿ ಕೊನೆಗೆ ಹಿಂಡಿದ ಒದ್ದೆ ಸ್ಪಾಂಜನ್ನು ಮೆಲ್ಲಗೆ ಒತ್ತಿ ಒತ್ತಿ ತೆಗೆಯುವುದು. "ಅದೇ ನಮ್ಮ ಸೆಟ್ಟಿಂಗ್ ಸ್ಪ್ರೇ" ಎಂದರು.

ಇನ್ನೂ ಹಿಂದಕ್ಕೆ ಹೋದರೆ ನಮ್ಮ ಯಕ್ಷಗಾನ. ಚೌಕಿಯಲ್ಲಿ ಕೂತು ಬಣ್ಣದ ಪುಡಿಯನ್ನು ಕೊಬ್ಬರಿ ಎಣ್ಣೆಯಲ್ಲಿ ಕಲಸಿ ಹಚ್ಚಿಕೊಂಡರೆ ಬೆಳಗಿನ ಜಾವದವರೆಗೂ ಕುಣಿತ. ಬೆವರು ಎಣ್ಣೆಯ ಮೇಲೆ ಜಾರಿ ಹೋಗುತ್ತದೆ, ಬಣ್ಣ ಕರಗುವುದಿಲ್ಲ. ಬಣ್ಣದ ವೇಷದವರು ಅಕ್ಕಿಹಿಟ್ಟು, ಸುಣ್ಣದ ಚುಟ್ಟಿ ಇಟ್ಟುಕೊಳ್ಳುವುದಕ್ಕೇ ಗಂಟೆಗಟ್ಟಲೆ ಕೂರುತ್ತಾರೆ. ನಮ್ಮ ಜೂನಿಯರ್ ಸಾಹಸಸಿಂಹ ಕೂತದ್ದು ಎಷ್ಟು ಹೊತ್ತು? ಹತ್ತು ನಿಮಿಷ!

ಬಾಟ್ಲಿಯ ವಿದ್ಯೆಯನ್ನು ಮೇಷ್ಟ್ರು ಕಲಿತದ್ದು ಯಾರಿಂದ ಗೊತ್ತೇ? ಮದುವೆ ಹೆಣ್ಣಿನ ಮೇಕಪ್ ಮಾಡುವ ಸ್ವಂತ ಮಗಳಿಂದ. ಮುಹೂರ್ತದ ಹೊಗೆ, ಕಣ್ಣೀರು, ನಡುಮಧ್ಯಾಹ್ನದ ಆರತಕ್ಷತೆ, ಇದನ್ನೆಲ್ಲ ತಡೆಯುವ ಮುಖ ಮಾಡುವವಳು ಅವಳು. "ನಾನು ಐವತ್ತು ವರ್ಷ ಮಾಡಿದ್ದನ್ನ ಅವಳು ನನಗೇ ತಿದ್ದಿದಳು" ಎಂದು ನಕ್ಕರು. ಇಲ್ಲೊಂದು ಸಂಗತಿ ಹೇಳಲೇಬೇಕು. ಮುಂಬೈ ಚಿತ್ರರಂಗದಲ್ಲಿ ಹೆಂಗಸರು ಕೂದಲು ಬಾಚಬಹುದು, ಮುಖಕ್ಕೆ ಬಣ್ಣ ಹಚ್ಚುವಂತಿಲ್ಲ ಅಂತ ಮೇಕಪ್ ಕಲಾವಿದರ ಸಂಘದ ಕಟ್ಟಳೆ ಇತ್ತು. ಚಾರು ಖುರಾನಾ ಎಂಬ ಕಲಾವಿದೆ ಮತ್ತವರ ಜೊತೆಯವರು ಕೋರ್ಟಿಗೆ ಹೋದರು. 2014ರ ನವೆಂಬರ್ 10ರಂದು ಸುಪ್ರೀಂ ಕೋರ್ಟು ಆ ಕಟ್ಟಳೆಯನ್ನು ಕಿತ್ತೆಸೆಯಿತು. 2014 ಅಂದರೆ ನಿನ್ನೆ ಮೊನ್ನೆ! ಅಷ್ಟು ದಿನ ಎಷ್ಟು ಕೈಗಳ ಕಸುಬು ಹೊರಗೇ ನಿಂತಿತ್ತೋ.

ಸರಿ, ಈಗ ಕಸುಬಿಗೆ ಬರೋಣ. ಮೇಷ್ಟ್ರು ನನ್ನ ಗೆಳೆಯನನ್ನೇ ಕರೆತರಲು ಹೇಳಿದರು. ಭಾನುವಾರ ಕರೆದುಕೊಂಡು ಹೋದೆ. ಕುರ್ಚಿಯಲ್ಲಿ ಕೂರಿಸಿ, ಕತ್ತಿಗೆ ಟವೆಲು ಸುತ್ತಿ, ಒಂದೊಂದೇ ತೋರಿಸಿದರು. ಪಕ್ಕದಲ್ಲಿ ನಿಂತು ನಾನು ಬರೆದುಕೊಂಡದ್ದು ಇದು.

ಮುಖ ತೊಳೆದು ಪೂರ್ತಿ ಒಣಗಬೇಕು. ಸೆಕೆಯಿದ್ದರೆ ಫ್ಯಾನಿನ ಕೆಳಗೆ ಕೂತು ಬೆವರು ನಿಂತ ಮೇಲೆಯೇ ಕೈಹಚ್ಚಬೇಕು. ಐಸ್ ಒತ್ತಿದರೆ ಒಳ್ಳೆಯದು, ಬಟ್ಟೆಯಲ್ಲಿ ಸುತ್ತಿ ಒತ್ತಬೇಕು, ನೇರವಾಗಿ ಉಜ್ಜಬಾರದು. ಮಾಯಿಶ್ಚರೈಸರ್ ಹಚ್ಚುವುದಾದರೆ ಚೂರೇ ಚೂರು, ಅದು ಇಂಗುವವರೆಗೆ ಸುಮ್ಮನಿರಬೇಕು. ಫೌಂಡೇಶನ್ ತೆಳ್ಳಗೆ. "ದಪ್ಪ ಹಚ್ಚಿದಷ್ಟೂ ಬೇಗ ಬೀಳುತ್ತೆ" ಅಂದರು ಮೇಷ್ಟ್ರು. ನಮ್ಮ ಹುಡುಗರು ತಿಳಿದುಕೊಂಡಿರುವುದು ಇದರ ಉಲ್ಟಾ. ಕಿವಿ, ಕತ್ತು ಮರೆಯಬಾರದು. ಮುಖ ರಾಜಕುಮಾರನದು, ಕಿವಿ ಬೇರೆ ಯಾರದೋ ಆದರೆ ಹೇಗೆ?

ಆಮೇಲೆ ಪೌಡರ್. ಹಣೆ, ಮೂಗು, ಗದ್ದ, ಎಲ್ಲೆಲ್ಲಿ ಎಣ್ಣೆ ಜಿನುಗುತ್ತದೋ ಅಲ್ಲಿ ಪಫ್ಫಿನಿಂದ ಒತ್ತುವುದು. ಉಜ್ಜುವುದಲ್ಲ, ಒತ್ತುವುದು. ಉಳಿದದ್ದನ್ನು ಬ್ರಷ್ಷಿನಿಂದ ಉದುರಿಸುವುದು. ಸ್ಪ್ರೇ ಬರುವುದು ಇದೆಲ್ಲ ಆದ ಮೇಲೆ. ಪೌಡರ್ ಮೊದಲು, ಸ್ಪ್ರೇ ಆಮೇಲೆ. ಒದ್ದೆ ಸ್ಪ್ರೇ ಮೇಲೆ ಪೌಡರ್ ಬಿದ್ದರೆ ಕಲಸಿದ ಹಿಟ್ಟೇ. ಎರಡು ಮೂರು ಗಂಟೆಯ ಶೋ ಇದ್ದರೆ ಫೌಂಡೇಶನ್ ಆದ ಮೇಲೆ ಒಂದು ತೆಳು ಪದರ ಹೊಡೆದು, ಅದು ಚೆನ್ನಾಗಿ ಆರಿದ ಮೇಲೆ ಪೌಡರ್ ಒತ್ತಿ, ಕೊನೆಗೆ ಮತ್ತೊಂದು ಪದರ ಹೊಡೆಯಬಹುದು. ಎರಡು ಪದರಗಳ ನಡುವೆ ಆರಲು ಬಿಡುವ ತಾಳ್ಮೆ ಇದ್ದರೆ ಮಾತ್ರ.

ದೂರ ಎಷ್ಟು? ಮೇಷ್ಟ್ರು ತಮ್ಮ ಕೈಯನ್ನೇ ಅಗಲಿಸಿ ತೋರಿಸಿದರು. ಒಂದು ಗೇಣು. ಅದಕ್ಕಿಂತ ಹತ್ತಿರ ಹಿಡಿದರೆ ಮಂಜಿನ ಬದಲು ಹನಿ ಬೀಳುತ್ತದೆ, ಹನಿ ಬಿದ್ದಲ್ಲಿ ಬಣ್ಣ ಒಡೆಯುತ್ತದೆ. ಬಾಟ್ಲಿ ಕುಲುಕಿ, ಕಣ್ಣು ಮುಚ್ಚಿ, ಬಾಯಿ ಮುಚ್ಚಿ, ಉಸಿರು ಬಿಗಿಹಿಡಿದು, ಮುಖದ ಮೇಲೆ ಒಂದು ಗುಣಿಸು ಚಿಹ್ನೆ ಬರೆದ ಹಾಗೆ ಒಂದು ಸಲ, ಹಣೆಯಿಂದ ಅಡ್ಡಕ್ಕೂ ಮೂಗಿನ ಮೇಲೆ ಉದ್ದಕ್ಕೂ ಇನ್ನೊಂದು ಸಲ. ನಾಲ್ಕೈದು ಬುಸ್, ಸಾಕು. ಆಮೇಲೆ ಒಂದೆರಡು ನಿಮಿಷ ಸುಮ್ಮನೆ ಕೂರಬೇಕು. ಮುಟ್ಟಬಾರದು, ನಗಬಾರದು, ಡೈಲಾಗ್ ಹೊಡೆಯಬಾರದು. ಪೊರೆ ಕಟ್ಟುವ ಹೊತ್ತು ಅದು. ನನ್ನ ಗೆಳೆಯನಿಗೆ ಎಲ್ಲಕ್ಕಿಂತ ಕಷ್ಟವಾದದ್ದು ಇದೇ! ಬಾಯಿ ಮುಚ್ಚಿ ಎರಡು ನಿಮಿಷ ಕೂತದ್ದನ್ನು ನಾನು ಅವನ ಜನ್ಮದಲ್ಲಿ ಮೊದಲ ಸಲ ನೋಡಿದೆ.

ಮೀಸೆಯ ಕಥೆ ಬೇರೆ. ಅಂಟುಮೀಸೆಗೆ ಹಚ್ಚುವ ಸ್ಪಿರಿಟ್ ಗಮ್ ಇದೆಯಲ್ಲ, ಅದು ಬರಿಯ ಚರ್ಮಕ್ಕೆ ಮಾತ್ರ ಕಚ್ಚಿಕೊಳ್ಳುತ್ತದೆ. ಇವನು ಫೌಂಡೇಶನ್ ಮೇಲೆ ಅಂಟಿಸಿದ್ದ. ಫೌಂಡೇಶನ್ ಜಾರಿದಾಗ ಮೀಸೆಯೂ ಹೊರಟಿತು. ಮೂಗಿನ ಕೆಳಗಿನ ಜಾಗ ಬಿಟ್ಟು ಬಣ್ಣ ಹಚ್ಚಬೇಕು. ಅದಕ್ಕಿಂತ ದೊಡ್ಡ ಗುಟ್ಟು ಇನ್ನೊಂದಿದೆ: ಸ್ಪಿರಿಟ್ ಗಮ್ಮನ್ನು ಬಿಡಿಸುವುದೇ ಆಲ್ಕೋಹಾಲು, ಸ್ಪ್ರೇಯಲ್ಲಿರುವುದೂ ಆಲ್ಕೋಹಾಲು! ಮೀಸೆ ಅಂಟಿಸಿ ಅದರ ಮೇಲೆ ಬುಸ್ ಅಂದರೆ ನಮ್ಮ ಕೈಯಾರೆ ಮೀಸೆ ಕಿತ್ತ ಹಾಗೆ. ಒಂದೋ ಸ್ಪ್ರೇ ಹೊಡೆಯುವಾಗ ಮೂಗಿನ ಕೆಳಗೆ ಟಿಶ್ಯೂ ಹಿಡಿದು, ಆರಿದ ಮೇಲೆ ಮೀಸೆ ಅಂಟಿಸಿ. ಇಲ್ಲವೇ ಮೀಸೆಯನ್ನು ಮುಚ್ಚಿಕೊಂಡು ಸ್ಪ್ರೇ ಹೊಡೆಯಿರಿ.

ಹೇರ್ ಸ್ಪ್ರೇ ವಿಷಯ ಬರೆಯದಿದ್ದರೆ ತಪ್ಪಾಗುತ್ತದೆ. ನನ್ನ ಗೆಳೆಯನ ತಂಡದಲ್ಲೇ ಇನ್ನೊಬ್ಬ ಹುಡುಗ, ಶಂಕರ್‌ನಾಗ್ ಮಾಡುವವನು, "ಎರಡರಲ್ಲೂ ಇರೋದು ಒಂದೇ ಮಾಲು" ಅಂತ ಯಾರೋ ಹೇಳಿದ್ದನ್ನು ನಂಬಿ ತಲೆಗೆ ಹೊಡೆಯುವುದನ್ನು ಮುಖಕ್ಕೆ ಹೊಡೆದುಕೊಂಡ. ಕಣ್ಣು ಕೆಂಡವಾಗಿ, ಬಿಡಿಸಲಾರದೆ, ಬಕೆಟ್ ನೀರಿಗೆ ಮುಖ ಅದ್ದಿ ಕೂತ. ಆ ರಾತ್ರಿ ಆಟೋರಾಜ ಆಟೋದಲ್ಲೇ ಆಸ್ಪತ್ರೆಗೆ ಹೋಗಬೇಕಾಯಿತು. ಎರಡರಲ್ಲೂ ಒಂದೇ ಜಾತಿಯ ಪಾಲಿಮರ್ ಇರಬಹುದು, ಆದರೆ ಕೂದಲಿಗೆ ಕಣ್ಣಿಲ್ಲ, ಮುಖಕ್ಕಿದೆ. ಮುಖಕ್ಕೆ ಅಂತ ಬರೆದದ್ದನ್ನೇ ಕೊಳ್ಳಿ. ಅದನ್ನೂ ಮೊದಲು ಕಿವಿಯ ಹಿಂದೆಯೋ ಮುಂಗೈಗೋ ಹೊಡೆದು ಒಂದು ದಿನ ನೋಡಿ. ಉರಿ, ಗುಳ್ಳೆ ಬಂದರೆ ಬೇಡ. ಉಬ್ಬಸ ಇರುವವರು ದೂರ ಇರುವುದೇ ಮೇಲು.

ಬೆಂಕಿ! ಇದನ್ನು ದಪ್ಪಕ್ಷರದಲ್ಲಿ ಓದಿಕೊಳ್ಳಿ. ಬಾಟ್ಲಿಯಲ್ಲಿ ಆಲ್ಕೋಹಾಲು, ಗ್ಯಾಸ್ ಡಬ್ಬಿಯಾದರೆ ಇನ್ನೂ ಮೋಸ. ಗಣೇಶನ ಪೆಂಡಾಲಿನಲ್ಲಿ ಪಕ್ಕದಲ್ಲೇ ದೀಪ, ಕರ್ಪೂರದ ಆರತಿ. ಮೇಕಪ್ ರೂಮಿನಲ್ಲಿ ಯಾರೋ ಒಬ್ಬ ಸಿಗರೇಟು ಹಚ್ಚಿಯೇ ಇರುತ್ತಾನೆ. ಅವನನ್ನು ಆಚೆ ಕಳಿಸಿ ಆಮೇಲೆ ಬಾಟ್ಲಿ ಮುಟ್ಟಿ. ಮುಖ ಆರುವವರೆಗೆ ಆರತಿ ತಗೊಳ್ಳಬೇಡಿ, ದೇವರು ಬೇಜಾರು ಮಾಡಿಕೊಳ್ಳುವುದಿಲ್ಲ. ಗ್ಯಾಸ್ ಡಬ್ಬಿಯ ಮೇಲೆ 50 ಡಿಗ್ರಿಗಿಂತ ಬಿಸಿಯಲ್ಲಿ ಇಡಬೇಡಿ ಎಂದು ಬರೆದಿರುತ್ತದೆ. ಬಿಸಿಲಿನಲ್ಲಿ ನಿಲ್ಲಿಸಿದ ಬೈಕಿನ ಪೆಟ್ಟಿಗೆಯಲ್ಲಿ ಅದನ್ನು ಬಿಟ್ಟು ಹೋಗಬಾರದು.

ಶೋ ನಡುವೆ ಬೆವರಿದರೆ? ಟವೆಲಿನಿಂದ ಒರೆಸಿದರೆ ಕಥೆ ಮುಗಿಯಿತು. ಟಿಶ್ಯೂ ಒತ್ತಿ ಬೆವರು ಹೀರಿಸಿ, ಬೇಕಾದ ಕಡೆ ಚೂರು ಪೌಡರ್ ಒತ್ತಿ, ಒಂದೇ ಒಂದು ಬುಸ್. ಬೆವರಿನ ಮೇಲೇ ಸ್ಪ್ರೇ ಹೊಡೆದರೆ ಶೆಡ್ಡಿನಲ್ಲಿ ಆದದ್ದೇ ಇಲ್ಲೂ ಆಗುತ್ತದೆ. ಸೆಟ್ಟುಗಳಲ್ಲಿ ಶಾಟಿಗೂ ಶಾಟಿಗೂ ನಡುವೆ ಕನ್ನಡಿ ಹಿಡಿದು ಓಡುವ ಹುಡುಗ ಮಾಡುವುದು ಇದನ್ನೇ. ಹೀರೋ ಮುಖ ಸಂಜೆಯವರೆಗೆ ಬೆಳಗಿನಂತಿರುವುದು ಬಾಟ್ಲಿಯ ಮಹಿಮೆಯಲ್ಲ, ಆ ಹುಡುಗನ ಓಟ. ಸ್ಟಂಟ್ ಮಾಸ್ಟರ್ ಹೆಸರು ನಮಗೆಲ್ಲ ಬಾಯಿಪಾಠ. 2014ರ ಸಾಲಿನಲ್ಲಿ 'ನಾನು ಅವನಲ್ಲ ಅವಳು' ಚಿತ್ರಕ್ಕೆ ನಾಗರಾಜು ಮತ್ತು ರಾಜು, 2016ರ ಸಾಲಿನಲ್ಲಿ 'ಅಲ್ಲಮ' ಚಿತ್ರಕ್ಕೆ ಎನ್.ಕೆ. ರಾಮಕೃಷ್ಣ ಮೇಕಪ್ಪಿಗಾಗಿಯೇ ರಾಷ್ಟ್ರಪ್ರಶಸ್ತಿ ತಂದದ್ದು ನಿಮ್ಮಲ್ಲಿ ಎಷ್ಟು ಜನಕ್ಕೆ ಗೊತ್ತಿತ್ತು? ನನಗೂ ಮೇಷ್ಟ್ರು ಹೇಳುವವರೆಗೆ ಗೊತ್ತಿರಲಿಲ್ಲ.

ಶೋ ಮುಗಿದ ಮೇಲೆ ಹಾಗೇ ಬಸ್ ಹತ್ತಿ ಮಲಗುವವರಿದ್ದಾರೆ. ಪೊರೆ ಬರೀ ನೀರಿಗೆ ಪೂರ್ತಿ ಬಿಡುವುದಿಲ್ಲ. ಮೊದಲು ಎಣ್ಣೆಯನ್ನೋ ಮೇಕಪ್ ತೆಗೆಯುವ ಕ್ರೀಮನ್ನೋ ಮೆಲ್ಲಗೆ ತಿಕ್ಕಿ, ಹತ್ತಿಯಲ್ಲಿ ಒರೆಸಿ, ಆಮೇಲೆ ಫೇಸ್‌ವಾಶ್. ಮೊಡವೆಯ ಮುಖದವರಿಗೆ ಕೊಬ್ಬರಿ ಎಣ್ಣೆ ಆಗಿಬರುವುದಿಲ್ಲ, ಕ್ರೀಮೇ ವಾಸಿ. ಮೀಸೆಯನ್ನು ಎಳೆದು ಕೀಳಬೇಡಿ, ಗಮ್ ಬಿಡಿಸುವ ರಿಮೂವರ್ ಹಚ್ಚಿ. ಇನ್ನು ಕಾಲೇಜಿಗೆ, ಮ್ಯಾಟಿನಿಗೆ ಹೋಗುವಾಗ ಬರೀ ಮುಖಕ್ಕೆ ಬುಸ್ ಅಂತ ಹೊಡೆದುಕೊಂಡರೆ ಏನೂ ಪ್ರಯೋಜನವಿಲ್ಲ. ಹಿಡಿಯಲು ಬಣ್ಣವೇ ಇಲ್ಲದ ಮೇಲೆ ಅದು ಏನನ್ನು ಹಿಡಿಯಬೇಕು?

ಮುಂದಿನ ಶೋ ರಾಮನಗರದ ಕಡೆ. ನಾನೂ ಹೋದೆ, ಟಚಪ್ ಹುಡುಗನಾಗಿ! ಸಂಜೆ ಮಳೆ ಬಂದು ನಿಂತಿತ್ತು, ಗಾಳಿಯಿಲ್ಲ, ಸೆಕೆಯೋ ಸೆಕೆ. ಒಂದೂವರೆ ಗಂಟೆ ಮುಂಚೆಯೇ ಕೂರಿಸಿದೆ. ಶಾಲೆಯ ಒಂದು ಕೋಣೆ ಕೊಟ್ಟಿದ್ದರು, ಫ್ಯಾನಿತ್ತು. ಒಂದು ಗೇಣು ಅಳೆದು ನಾನೇ ಬುಸ್ ಎಂದೆ. ಮೂರನೆಯ ಹಾಡಿಗೆ ಮೂಗಿನ ತುದಿ ಹೊಳೆಯಿತು, ನಾಲ್ಕನೆಯದಕ್ಕೆ ಹಣೆಯಂಚಿನಲ್ಲಿ ಒಂದು ಗೆರೆ ಇಳಿಯಿತು. ಪಕ್ಕಕ್ಕೆ ಬಂದಾಗ ಟಿಶ್ಯೂ ಒತ್ತಿದೆ. ಕೋಟು ಬೆನ್ನಿಗೆ ಅಂಟಿ ನೆನೆದು ತೊಪ್ಪೆಯಾಗಿತ್ತು. ಮುಖ ನಿಂತಿತ್ತು, ಮೀಸೆಯೂ ನಿಂತಿತ್ತು. ಕಡಗದ ಕೈ ಎತ್ತಿದಾಗ ಬಿದ್ದ ಶಿಳ್ಳೆಗೆ ಮೈಕ್ ಸೆಟ್ಟೇ ಕಿರ್ರೆಂದಿತು.

ಇಳಿದು ಬಂದವನ ಕೈಗೆ ಪೂರ್ತಿ ಮೂರು ಸಾವಿರ ಕೊಟ್ಟರು. ಎಣಿಸಿ ಜೇಬಿಗಿಟ್ಟುಕೊಂಡು, ನನ್ನ ಕೈಯಲ್ಲಿದ್ದ ಬಾಟ್ಲಿಯನ್ನು ಬೆಳಕಿಗೆ ಹಿಡಿದು ನೋಡಿದ. "ಇನ್ನೂ ಅರ್ಧ ಐತೆ ಮಗಾ. ರಾಜ್ಯೋತ್ಸವದ ತನಕ ಬರುತ್ತೆ ಅಲ್ವಾ?" ಎಂದ.